ಫ್ಯೆಲ್ಡ್: ಒಂದು ಪದದ ಬೆನ್ನು ಹಿಡಿದು ನಾರ್ವೆಯ ಎತ್ತರದ ಬಯಲಿನಲ್ಲಿ ಐದು ದಿನ

ಇಂಗ್ಲೆಂಡಿನ ಕಂಬ್ರಿಯಾ ಸೀಮೆಯ ಕೆಂಡಲ್ ಪಟ್ಟಣದಲ್ಲಿ ನಾನಿದ್ದ ಎರಡು ವರ್ಷಗಳಲ್ಲಿ ‘ಫೆಲ್’ ಎಂಬ ಪದ ಕಿವಿಗೆ ಬೀಳದ ದಿನವೇ ಇರಲಿಲ್ಲ. ಊರಿನ ಸುತ್ತಲಿನ ಬೋಳು ಗುಡ್ಡಗಳೆಲ್ಲ ಫೆಲ್‌ಗಳು, ಕುರಿಗಳು ಮೇಯುವುದು ಫೆಲ್ ಮೇಲೆ, ಗುಡ್ಡ ಹತ್ತಿಳಿಯುವ ಓಟದ ಪಂದ್ಯಕ್ಕೆ ಫೆಲ್ ಓಟವೆಂದು ಹೆಸರು, ಅಲ್ಲಿಯ ಗಿಡ್ಡ ಕುದುರೆಯ ತಳಿಗೆ ಫೆಲ್ ಪೋನಿ ಎಂದೇ ಹೆಸರು. ಅದೇ ದಿನಗಳಲ್ಲಿ ಇಂಗ್ಲಿಷ್ ನಿಘಂಟೊಂದರಲ್ಲಿ ಬೇರೇನನ್ನೋ ಹುಡುಕುತ್ತಿದ್ದಾಗ ‘ಫ್ಯೆಲ್ಡ್’ ಎಂಬ ಪದ ಕಣ್ಣಿಗೆ ಬಿತ್ತು. ಸ್ಕ್ಯಾಂಡಿನೇವಿಯದ ಎತ್ತರದ, ಬರಡಾದ, ಕಲ್ಲುಬಂಡೆಗಳ ಪ್ರಸ್ಥಭೂಮಿ ಎಂದು ಅದರ ಅರ್ಥ ಕೊಟ್ಟಿದ್ದರು. ಎರಡೂ ಒಂದೇ ಮೂಲದ ಪದಗಳು ಎಂದು ತಿಳಿದ ಮೇಲೆ ನನ್ನ ಮನಸ್ಸಿನಲ್ಲಿ ಒಂದು ಪ್ರಶ್ನೆ ಉಳಿದುಬಿಟ್ಟಿತು. ಒಂದು ಭಾಷೆಯಿಂದ ಒಂದೇ ಪದವನ್ನು ಎರಡು ಸಲ ಎರವಲು ಪಡೆದ ಇಂಗ್ಲಿಷ್, ಮೊದಲ ಸಲ ಅದನ್ನು ಕುರಿ ಮೇಯುವ ಗುಡ್ಡವೆಂದು ತಿಳಿದುಕೊಂಡಿದ್ದರೆ, ಎರಡನೆಯ ಸಲ ಅದಕ್ಕೆ ಬರಡು ಎಂಬ ವಿಶೇಷಣವನ್ನು ಅಂಟಿಸಿದ್ದು ಏಕೆ? ಓಸ್ಲೋದಲ್ಲಿ ಕೆಲಸದಲ್ಲಿರುವ ಅಕ್ಕನ ಮಗ ಆಗಸ್ಟ್ ಕೊನೆಯ ವಾರದಲ್ಲಿ ಹಾರ್ಡಾಂಗರ್‌ವಿದ್ದಾ ಎಂಬ ಎತ್ತರದ ಬಯಲಿನಲ್ಲಿ ನಡೆಯಲು ಕರೆದಾಗ ನಾನು ಒಪ್ಪಿದ್ದು ಮುಖ್ಯವಾಗಿ ಈ ಕಾರಣಕ್ಕೆ.

ಮೊದಲ ದಿನ: ಓಸ್ಲೋದಿಂದ ಫಿನ್ಸೆಗೆ

ಓಸ್ಲೋ ಮತ್ತು ಬರ್ಗೆನ್ ನಗರಗಳನ್ನು ಬೆಸೆಯುವ ರೈಲುಮಾರ್ಗವನ್ನು 1909ರಲ್ಲಿ ದೊರೆ ಏಳನೆಯ ಹೊಕೊನ್ ಉದ್ಘಾಟಿಸಿದರು. ಸಮುದ್ರಮಟ್ಟದಿಂದ ಹೊರಡುವ ಬೆಳಗಿನ ರೈಲು ನಾಲ್ಕೂವರೆ ಗಂಟೆಗಿಂತ ಸ್ವಲ್ಪ ಹೆಚ್ಚಿನ ಹೊತ್ತಿನಲ್ಲಿ 1222 ಮೀಟರ್ ಎತ್ತರದ ಫಿನ್ಸೆಯನ್ನು ಮುಟ್ಟುತ್ತದೆ. ನನ್ನ ಪ್ರಶ್ನೆಗೆ ಅರ್ಧ ಉತ್ತರ ಆ ರೈಲಿನ ಕಿಟಕಿಯಲ್ಲಿಯೇ ಸಿಕ್ಕಿತು ಎನ್ನಬೇಕು. ಕಣಿವೆಯಲ್ಲಿ ಉದ್ದಕ್ಕೂ ಸ್ಪ್ರೂಸ್ ಮರಗಳ ಕಪ್ಪು ಹಸಿರು ಕಾಡು. ಯೈಲೊ ನಿಲ್ದಾಣದ ಹೊತ್ತಿಗೆ ಅದು ತೆಳುವಾಗತೊಡಗಿ, ಅದರ ಜಾಗಕ್ಕೆ ಬೆಳ್ಳನೆಯ ತೊಗಟೆಯ ಬರ್ಚ್ ಮರಗಳು ಬಂದವು. ಮುಂದೆ ಹೋದಂತೆ ಆ ಬರ್ಚ್‌ಗಳೂ ಗಾಳಿಗೆ ಬೆನ್ನು ಕೊಟ್ಟು ಬಾಗಿ, ಕುಗ್ಗಿ, ಪೊದೆಯಾಗಿ, 988 ಮೀಟರ್ ಎತ್ತರದ ಹೌಗಸ್ಟೋಲ್ ದಾಟಿ ಸ್ವಲ್ಪ ಹೊತ್ತಿಗೆ ಇಲ್ಲವಾದವು. ರೈಲು ತಿರುವೊಂದನ್ನು ದಾಟಿದಾಗ ಕಿಟಕಿಯಾಚೆ ಮರವೆಂಬುದೇ ಇರಲಿಲ್ಲ. ನೀರು, ಕಲ್ಲು, ಕಂದು ಹುಲ್ಲು, ಇವೆಲ್ಲವನ್ನೂ ಮುಚ್ಚಿ ನಿಂತ ಬೂದು ಆಕಾಶ.

“ಚಿಕ್ಕಮ್ಮ, ಇಲ್ಲಿಂದ ಫ್ಯೆಲ್ ಶುರುವಾಯಿತು ನೋಡಿ,” ಎಂದ ಹುಡುಗ.

“ಶಿಖರ ಎಲ್ಲೂ ಕಾಣುತ್ತಿಲ್ಲವಲ್ಲ?” ಎಂದೆ.

“ಶಿಖರ ಇರಲೇಬೇಕೆಂದೇನೂ ಇಲ್ಲ. ಮರ ಮುಗಿದರೆ ಸಾಕು.”

ಆರು ವರ್ಷಗಳ ವಾಸದಲ್ಲಿ ಅವನಿಗೆ ಅಭ್ಯಾಸವಾಗಿಹೋಗಿದ್ದ ಈ ಮಾತು ನನಗೆ ಹೊಸದು. ಇವತ್ತಿನ ನಾರ್ವೇಜಿಯನ್ ಭಾಷೆಯಲ್ಲಿ ಪದದ ರೂಪ ‘ಫ್ಯೆಲ್’, ಸ್ವೀಡನ್ನಿನಲ್ಲಿಯೂ ಹೆಚ್ಚುಕಡಿಮೆ ಅದೇ ಉಚ್ಚಾರ. ಕೊನೆಯಲ್ಲಿ ‘ಡ್’ ಇರುವ ರೂಪ ಡೇನಿಷ್ ಬರವಣಿಗೆಯದು, ಅಲ್ಲಿಯೂ ಆ ಅಕ್ಷರವನ್ನು ಬರೆಯುತ್ತಾರೆಯೇ ಹೊರತು ಉಚ್ಚರಿಸುವುದಿಲ್ಲ. ನಾರ್ವೆ 1814ರವರೆಗೆ ಡೆನ್ಮಾರ್ಕ್ ದೊರೆಗಳ ಆಳ್ವಿಕೆಯಲ್ಲಿತ್ತು, ಅದರ ನಂತರವೂ ಬಹಳ ಕಾಲ ಬರವಣಿಗೆ ಡೇನಿಷ್ ಮಾದರಿಯಲ್ಲಿಯೇ ನಡೆಯಿತು. 1907 ಮತ್ತು 1917ರ ಕಾಗುಣಿತ ಸುಧಾರಣೆಗಳ ಮೂಲಕ ನಾರ್ವೆಯವರು ತಮ್ಮ ಬಾಯಿಯ ಮಾತಿಗೆ ಹತ್ತಿರವಾದ ರೂಪಗಳನ್ನು ತಂದುಕೊಂಡರು. ಅದಕ್ಕೂ ಮೊದಲೇ, 19ನೇ ಶತಮಾನದಲ್ಲಿ, ಇಂಗ್ಲಿಷರು ಪದವನ್ನು ನಕಾಶೆಗಳಲ್ಲಿದ್ದ ಹಾಗೆ ಎತ್ತಿಕೊಂಡು ಹೋಗಿಯಾಗಿತ್ತು. ಹೀಗಾಗಿ ತವರಿನಲ್ಲಿ ಯಾರೂ ಉಚ್ಚರಿಸದ ಅಕ್ಷರವೊಂದು ಇಂಗ್ಲಿಷಿನಲ್ಲಿ ಇವತ್ತಿಗೂ ಉಳಿದುಕೊಂಡಿದೆ.

ಫಿನ್ಸೆಗೆ ಮೋಟಾರು ರಸ್ತೆಯಿಲ್ಲ. ರೈಲು ಹೊರಟುಹೋದ ಮೇಲೆ ಉಳಿಯುವುದು ನಿಲ್ದಾಣ, ಕೆಲವು ಮನೆಗಳು, ಒಂದು ಸರೋವರ ಮತ್ತು ಅದರಾಚೆ ಹಾರ್ಡಾಂಗರ್‌ಯೋಕುಲೆನ್ ಎಂಬ, ಸುಮಾರು 70 ಚದರ ಕಿಲೋಮೀಟರ್ ಹರಡಿಕೊಂಡ ಹಿಮರಾಶಿ. 1914ರಲ್ಲಿ ಅರ್ನೆಸ್ಟ್ ಶ್ಯಾಕಲ್ಟನ್ ದಕ್ಷಿಣ ಧ್ರುವದ ಕಡೆಗಿನ ತಮ್ಮ ಯಾತ್ರೆಯ ಸಲಕರಣೆಗಳನ್ನು ಪರೀಕ್ಷಿಸಲು ಇಲ್ಲಿಗೆ ಬಂದಿದ್ದರು. ಸರೋವರದ ದಂಡೆಯ ತಂಗುಮನೆ ನಾರ್ವೆಯ ಚಾರಣ ಸಂಘದ್ದು. 1868ರಲ್ಲಿ ಸ್ಥಾಪನೆಯಾದ ಈ ಸಂಘ ದೇಶದ ಉದ್ದಗಲಕ್ಕೂ ಕಲ್ಲುಗಳ ಮೇಲೆ ಕೆಂಪು ಬಣ್ಣದ ‘ಟಿ’ ಅಕ್ಷರ ಬರೆದು ದಾರಿ ಗುರುತು ಮಾಡಿದೆ. ಮುಂದಿನ ದಿನಗಳಲ್ಲಿ ನಾವು ಕಣ್ಣಲ್ಲಿ ಕಣ್ಣಿಟ್ಟು ಹುಡುಕಲಿದ್ದದ್ದು ಆ ಅಕ್ಷರವನ್ನೇ.

ಎರಡನೆಯ ದಿನ: ಫಿನ್ಸೆಯಿಂದ ಕ್ರೆಕ್ಯಾಕ್ಕೆ

ತಂಗುಮನೆಯ ಬೆಳಗಿನ ಊಟದ ಮೇಜಿನಲ್ಲಿಯೇ ದಾರಿಯ ಬುತ್ತಿಯನ್ನೂ ಕಟ್ಟಿಕೊಳ್ಳುವುದು ಇಲ್ಲಿಯ ವಾಡಿಕೆ. ರೊಟ್ಟಿಯ ತುಂಡಿನ ಮೇಲೆ ಕಂದು ಬಣ್ಣದ ಗಿಣ್ಣವನ್ನು (ಚೀಸ್) ತೆಳುವಾಗಿ ಹೆರೆದು ಇಟ್ಟುಕೊಂಡೆವು. ಇದು ಗಿಣ್ಣು ಸೋಸಿದ ಮೇಲೆ ಉಳಿಯುವ ತಿಳಿಯನ್ನು ಗಂಟೆಗಟ್ಟಲೆ ಕುದಿಸಿ, ಅದರಲ್ಲಿರುವ ಹಾಲಿನ ಸಕ್ಕರೆ ಕಂದಿ ಗಟ್ಟಿಯಾಗುವ ತನಕ ಕಾಯಿಸಿ ಮಾಡುವ ಪದಾರ್ಥ. ನಾಲಿಗೆಗೆ ತಾಗಿದೊಡನೆ ನನಗೆ ಧಾರವಾಡದ ಪೇಡೆಯ ನೆನಪಾಯಿತು, ಉಪ್ಪು ಬೆರೆತ ಪೇಡೆ. ಇಂಥ ಗಿಣ್ಣದ ಹುಟ್ಟೂರು ಫ್ಯೆಲ್ ಮೇಲಿನ ಬೇಸಿಗೆಯ ಹಟ್ಟಿ. ಕಣಿವೆಯ ರೈತರು ಬೇಸಿಗೆಯಲ್ಲಿ ಆಡು ಹಸುಗಳನ್ನು ಮೇಲಕ್ಕೆ ಹೊಡೆದುಕೊಂಡು ಬಂದು, ಹಾಲು ಕರೆದು, ಬೆಣ್ಣೆ ಗಿಣ್ಣು ಮಾಡಿ, ಚಳಿಗೆ ಮೊದಲು ಕೆಳಗಿಳಿಯುತ್ತಿದ್ದರು. ಆ ಹಟ್ಟಿಗೆ ‘ಸೇತರ್’ ಅಥವಾ ‘ಸ್ಟೋಲ್’ ಎಂದು ಹೆಸರು. ನಿನ್ನೆ ದಾಟಿದ ಹೌಗಸ್ಟೋಲ್ ನಿಲ್ದಾಣದ ಹೆಸರಿನಲ್ಲಿಯೂ ಅದೇ ಇದೆ, ಕಂಬ್ರಿಯಾದ ಆಂಬಲ್‌ಸೈಡ್ ಎಂಬ ಊರಿನ ಹೆಸರಿನ ಕೊನೆಯ ಭಾಗವೂ ಇದೇ ಸೇತರ್‌ನಿಂದ ಬಂದದ್ದು.

ನಡಿಗೆ ಇಪ್ಪತ್ತು ಕಿಲೋಮೀಟರಿಗೂ ಮೀರಿದ್ದು. ಹಿಮರಾಶಿಯ ಪೂರ್ವದ ಅಂಚನ್ನು ಬಳಸಿ ದಕ್ಷಿಣಕ್ಕೆ ಇಳಿಯುವ ದಾರಿ. ಮೊದಲ ಎರಡು ಗಂಟೆ ನಿಜವಾಗಿಯೂ ಬರಿಯ ಕಲ್ಲು, ಹಿಮ ಹಿಂದೆ ಸರಿದಾಗ ಬಿಟ್ಟುಹೋದ ಜಲ್ಲಿ ಮತ್ತು ಗುಂಡುಗಳು, ನಡುವೆ ಹಾಲು ಬೆರೆಸಿದಂಥ ಬಣ್ಣದ ಹಿಮದ ನೀರು. ಇಲ್ಲಿ ನಿಂತು ಯಾರಾದರೂ ಬರಡು ಎಂದು ಬರೆದುಕೊಂಡಿದ್ದರೆ ಅವರ ಮೇಲೆ ತಪ್ಪು ಹೊರಿಸಲು ನನ್ನಿಂದಾಗದು.

ಬುತ್ತಿ ಬಿಚ್ಚಲು ಕುಳಿತ ಬಂಡೆಯ ಮೇಲೆ ಕೆಂಪು ‘ಟಿ’ ಇತ್ತು. ಅದರ ಅಡ್ಡಗೆರೆಯ ಒಂದು ತುದಿಯನ್ನು ಹಳದಿ ಮಿಶ್ರಿತ ಹಸಿರು ಬಣ್ಣದ ಕಲ್ಲುಹೂವೊಂದು ಮುಟ್ಟಲು ಬಂದಿತ್ತು. ಮಸಾಲೆಗೆ ಹುರಿಯುವ ಕಲ್ಲುಹೂವಿನ ಹಾಗೆ ಇದು ಎಸಳೆಸಳಾಗಿ ಏಳುವುದಿಲ್ಲ. ಬಣ್ಣ ಬಳಿದಂತೆ ಕಲ್ಲಿಗೇ ಅಂಟಿಕೊಂಡಿರುತ್ತದೆ, ತುಂಡುತುಂಡಾಗಿ ಒಡೆದ ಹಳದಿಯ ಸುತ್ತ ಕಪ್ಪು ಅಂಚು, ದೇಶಗಳ ಗಡಿ ಬಿಡಿಸಿದಂತೆ. ಅದಕ್ಕೆಂದೇ ಇದನ್ನು ನಕಾಶೆಯ ಕಲ್ಲುಹೂವು ಎನ್ನುತ್ತಾರೆ. ವರ್ಷಕ್ಕೆ ಒಂದು ಮಿಲಿಮೀಟರೂ ಬೆಳೆಯದ ಈ ಜೀವದ ಅಗಲವನ್ನು ಅಳೆದು, ಬಂಡೆಯ ಮೇಲಿಂದ ಹಿಮ ಸರಿದು ಎಷ್ಟು ಕಾಲವಾಯಿತೆಂದು ಭೂವಿಜ್ಞಾನಿಗಳು ಅಂದಾಜು ಮಾಡುತ್ತಾರೆ. ನನ್ನ ಹೆಬ್ಬೆರಳಿನ ಉಗುರಿಗಿಂತ ತುಸು ದೊಡ್ಡದಾಗಿದ್ದ ಆ ಕಲೆ ನನಗಿಂತ ಹಿರಿಯದಿರಬಹುದು ಎನಿಸಿ, ಬುತ್ತಿಯ ಡಬ್ಬಿಯನ್ನು ಆಚೆಗೆ ಸರಿಸಿ ಇಟ್ಟೆ.

ಮಧ್ಯಾಹ್ನದ ಮೇಲೆ ನೆಲದ ಚಹರೆಯೇ ಬದಲಾಯಿತು. ಕಲ್ಲು ಕಡಿಮೆಯಾಗಿ ಉಬ್ಬುತಗ್ಗಿನ ಬಯಲು ತೆರೆದುಕೊಂಡಿತು. ‘ವಿದ್ದಾ’ ಎಂದರೆ ಅಗಲವಾದ ಹರಹು. ಹಾರ್ಡಾಂಗರ್‌ವಿದ್ದಾ ರಾಷ್ಟ್ರೀಯ ಉದ್ಯಾನವೊಂದೇ, 1981ರಲ್ಲಿ ಘೋಷಣೆಯಾದದ್ದು, 3400 ಚದರ ಕಿಲೋಮೀಟರಿಗೂ ಹೆಚ್ಚು ವಿಸ್ತಾರವಾಗಿದೆ, ಬಯಲು ಅದರ ಗಡಿಯನ್ನೂ ಮೀರಿ ನಾಲ್ಕೂ ಕಡೆ ಚಾಚಿದೆ. ನಲವತ್ತು ಕೋಟಿ ವರ್ಷಗಳಿಗೂ ಹಿಂದೆ ಇಲ್ಲಿ ಎದ್ದಿದ್ದ ಪರ್ವತಗಳು ಸವೆದು ಸಮವಾಗಿ, ಆ ಸವೆದ ನೆಲ ಮತ್ತೆ ಮೇಲಕ್ಕೆ ಎತ್ತಲ್ಪಟ್ಟದ್ದರಿಂದ ಸಾವಿರ ಮೀಟರ್ ಎತ್ತರದಲ್ಲಿ ಇಂಥ ಬಯಲು ಉಂಟಾಗಿದೆ. ಇಂತಹ ಪುರಾತನ ಮೇಲ್ಮೈಗೆ ನಾರ್ವೆಯ ಭೂವಿಜ್ಞಾನಿ ಹಾನ್ಸ್ ರಾಯ್ಷ್ 1901ರಲ್ಲಿಯೇ ಹೆಸರು ಕೊಟ್ಟು ಗುರುತಿಸಿದ್ದರು. ಮೊಣಕಾಲೆತ್ತರಕ್ಕೂ ಬಾರದ ಕುಳ್ಳ ಬರ್ಚ್ ಪೊದೆಗಳ ಪುಟ್ಟ ದುಂಡೆಲೆಗಳು ಆಗಲೇ ಕೆಂಪಾಗತೊಡಗಿದ್ದವು. ಜೌಗಿನಲ್ಲಿ ಹತ್ತಿಹುಲ್ಲು ಬಿಳಿಯ ತುರಾಯಿ ಹಿಡಿದು ನಿಂತಿತ್ತು. ಒಣನೆಲದಲ್ಲಿ ಹಿಮಸಾರಂಗಗಳು ಚಳಿಗಾಲವಿಡೀ ಹಿಮ ಕೆದಕಿ ತಿನ್ನುವ ಬೂದುಬಿಳಿ ಕಲ್ಲುಹೂವು, ಹವಳದಂತೆ ಕವಲೊಡೆದು, ಒಣಗಿದಾಗ ಬೂಟಿನ ಕೆಳಗೆ ಹಪ್ಪಳದಂತೆ ಪುಡಿಯಾಗುವಂಥದ್ದು. ಅದು ಗೊತ್ತಾದ ಮೇಲೆ ನಾವು ದಾರಿ ಬಿಟ್ಟು ಕಾಲಿಡಲಿಲ್ಲ.

ಕ್ರೆಕ್ಯಾ ತಂಗುಮನೆ ತಲುಪಿದಾಗ ಸಂಜೆ ಆರೂವರೆ.

ಮೂರನೆಯ ದಿನ: ಹೊರಟು ಹಿಂದಿರುಗಿದ್ದು

ಬೆಳಗ್ಗೆ ಮುಂದಿನ ತಂಗುಮನೆಯಾದ ಷೆಲ್ಡೆಬು ಕಡೆಗೆ ಹೊರಟಾಗ ಮಂಜು ಇತ್ತಾದರೂ ಮೂರು ಗುರುತುಗಳ ದೂರದವರೆಗೆ ಕಣ್ಣು ಹಾಯುತ್ತಿತ್ತು. ಮುಕ್ಕಾಲು ಗಂಟೆಯಲ್ಲಿ ಅದು ಒಂದಕ್ಕೆ ಇಳಿಯಿತು, ಆಮೇಲೆ ಒಂದೂ ಇಲ್ಲ. ಮರಗಳಿಲ್ಲದ ನೆಲದಲ್ಲಿ ಮಂಜು ಕವಿದರೆ ಹತ್ತಿರ ಯಾವುದು, ದೂರ ಯಾವುದು ಎಂಬ ಅಳತೆಯೇ ತಪ್ಪಿಹೋಗುತ್ತದೆ. ಹತ್ತು ಹೆಜ್ಜೆ ಆಚೆಗಿನ ಕಲ್ಲು ದೂರದ ಮನೆಯಂತೆ ಕಂಡಿತು. ಹುಡುಗ ಗುರುತಿನ ಕಲ್ಲಿನ ಬಳಿ ನಿಂತು ಕೂಗುತ್ತಿರುವುದು, ನಾನು ಆ ಕೂಗು ಕೇಳಿಸುವಷ್ಟು ದೂರ ಹೋಗಿ ಮುಂದಿನ ‘ಟಿ’ ಹುಡುಕುವುದು ಎಂದು ಮಾಡಿಕೊಂಡೆವು. ಎರಡು ಸಲ ಸಿಕ್ಕಿತು. ಮೂರನೆಯ ಸಲ ಗಾಳಿ ಎದ್ದು, ಅಡ್ಡಮಳೆ ಸುರಿದು, ಅವನ ಕೂಗು ನನಗೆ ಕೇಳಿಸಲೇ ಇಲ್ಲ. ಕಾಲ ಕೆಳಗಿನ ಜೌಗಿನಲ್ಲಿ ನನ್ನದೇ ಹೆಜ್ಜೆಗಳಲ್ಲಿ ತುಂಬಿದ್ದ ನೀರನ್ನು ನೋಡಿಕೊಂಡು ಹಿಂದೆ ಬಂದೆ. ಅವನ ಮುಖ ಬಿಳಿಚಿಕೊಂಡಿತ್ತು.

“ಸಾಕು ಚಿಕ್ಕಮ್ಮ, ವಾಪಸು ಹೋಗೋಣ.”

ನಾರ್ವೆಯಲ್ಲಿ ಮಕ್ಕಳಿಗೂ ಬಾಯಿಪಾಠವಾಗಿರುವ ಒಂಬತ್ತು ಫ್ಯೆಲ್ ನಿಯಮಗಳಿವೆ. 1967ರ ಈಸ್ಟರ್ ರಜೆಯಲ್ಲಿ ಆದ ಸಾವುಗಳ ನಂತರ ಇವು ಮನೆಮಾತಾದವು, 2016ರಲ್ಲಿ ಪರಿಷ್ಕಾರಗೊಂಡವು. ಅವುಗಳಲ್ಲಿ ಎಂಟನೆಯದು: ಸಮಯವಿರುವಾಗಲೇ ತಿರುಗಿ ಬನ್ನಿ, ಹಿಂದಿರುಗುವುದರಲ್ಲಿ ನಾಚಿಕೆಯಿಲ್ಲ. ಕ್ರೆಕ್ಯಾದ ಬಾಗಿಲಲ್ಲಿ ನೀರು ಸೋರಿಸುತ್ತ ನಿಂತ ನಮ್ಮನ್ನು ಕಂಡು ಒಳಗಿದ್ದ ಯಾರೂ ಏಕೆ ಬಂದಿರಿ ಎಂದು ಕೇಳಲಿಲ್ಲ. ಒಲೆಯ ಪಕ್ಕದ ಬೆಂಚಿನಲ್ಲಿ ಜಾಗ ಮಾಡಿಕೊಟ್ಟರು.

ಆ ದಿನದ ಮಳೆಯಿಂದ ನನಗೆ ಒಳ್ಳೆಯದೇ ಆಯಿತು. ಎದುರು ಕುಳಿತು ಉಣ್ಣೆ ಹೆಣೆಯುತ್ತಿದ್ದ ವಯಸ್ಸಾದ ಹೆಂಗಸೊಬ್ಬರು, ನಿವೃತ್ತ ಶಾಲಾ ಶಿಕ್ಷಕಿ, ನನ್ನ ಪ್ರಶ್ನೆಯನ್ನು ಬಹಳ ಗಂಭೀರವಾಗಿ ತೆಗೆದುಕೊಂಡರು. ಚೂಪಾದ ಶಿಖರಕ್ಕೆ ಬೇರೆ ಹೆಸರಿದೆ, ಗುಡ್ಡದ ಮೂತಿಗೆ ಬೇರೆ, ವಿಸ್ತಾರವಾದ ಬಯಲಿಗೆ ವಿದ್ದಾ. ಇವೆಲ್ಲ ಸೇರಿ, ಮರಗಳ ಗೆರೆಯಿಂದ ಮೇಲಿರುವ ಜಗತ್ತೆಲ್ಲವೂ ಫ್ಯೆಲ್ ಎಂದು ವಿವರಿಸಿದರು. ಈಸ್ಟರಿನಲ್ಲಿ ಊರಿಗೆ ಊರೇ ‘ತಿಲ್ ಫ್ಯೆಲ್ಸ್’ ಹೋಗುತ್ತದೆ, ಅಂದರೆ ಫ್ಯೆಲ್‌ಗೆ. ಹಳೆಯ ಭಾಷೆಯ ವಿಭಕ್ತಿ ಪ್ರತ್ಯಯವೊಂದು ಈ ನುಡಿಗಟ್ಟಿನಲ್ಲಿ ಇನ್ನೂ ಜೀವಂತವಾಗಿದೆ. ಯಾವ ಗುಡ್ಡ ಎಂದು ಯಾರೂ ಕೇಳುವುದಿಲ್ಲವಂತೆ. 1814ರಲ್ಲಿ ಐಡ್ಸ್‌ವೋಲ್‌ನಲ್ಲಿ ಸಂವಿಧಾನ ರಚಿಸಿದವರು ‘ದೊವ್ರೆ ಕುಸಿಯುವ ತನಕ ಒಗ್ಗಟ್ಟಿನಿಂದಿರುತ್ತೇವೆ’ ಎಂದು ಪ್ರತಿಜ್ಞೆ ಮಾಡಿದ್ದನ್ನೂ ಅವರು ನೆನಪಿಸಿದರು. ಆ ದೊವ್ರೆಯೂ ಒಂದು ಫ್ಯೆಲ್, ದೊವ್ರೆಫ್ಯೆಲ್.

ಅವರ ವಿವರಣೆ ಕೇಳುತ್ತಿದ್ದಂತೆ ನನಗೆ ನಮ್ಮ ಶಿರಸಿ ಕಡೆಯ ‘ಬೆಟ್ಟ’ ನೆನಪಾಯಿತು. ಅಡಿಕೆ ತೋಟದವರು ಬೆಟ್ಟಕ್ಕೆ ಹೋಗಿ ಬರುತ್ತೇನೆ ಎಂದರೆ ಶಿಖರ ಹತ್ತಲು ಹೊರಟರು ಎಂದಲ್ಲ. ತೋಟಕ್ಕೆಂದು ಬಿಟ್ಟುಕೊಟ್ಟ ಸೊಪ್ಪಿನ ಬೆಟ್ಟದಿಂದ ಗೊಬ್ಬರಕ್ಕೆ ಸೊಪ್ಪು, ದರಕು ತರಲು ಹೊರಟರು ಎಂದರ್ಥ. ಅಲ್ಲಿಯೂ ಪದಕ್ಕೆ ಅರ್ಥ ಕೊಟ್ಟಿರುವುದು ಎತ್ತರವಲ್ಲ, ಜನ ಆ ನೆಲವನ್ನು ಬಳಸುವ ಬಗೆ. ಹುಡುಗ ಇದನ್ನು ಅವರಿಗೆ ನಾರ್ವೇಜಿಯನ್ನಿನಲ್ಲಿ ಹೇಳಿದಾಗ ಅವರು ಹೆಣಿಗೆ ನಿಲ್ಲಿಸಿ, ಆ ಪದವನ್ನು ಇನ್ನೊಮ್ಮೆ ಹೇಳಿಸಿಕೊಂಡು, ‘ಬೆತ್ತಾ’ ಎಂದು ತಮ್ಮ ಬಾಯಲ್ಲಿ ಆಡಿಸಿ ನೋಡಿದರು.

ಮಧ್ಯಾಹ್ನವಿಡೀ ಕಿಟಕಿಗೆ ಮಳೆ ಬಡಿಯುತ್ತಿರಲು ನಾನು ಟಿಪ್ಪಣಿ ಪುಸ್ತಕ ಬಿಚ್ಚಿ ಕುಳಿತೆ. ಹತ್ತನೇ ಶತಮಾನದ ಆಸುಪಾಸಿನಲ್ಲಿ ಸ್ಕ್ಯಾಂಡಿನೇವಿಯದ ಹಳೆಯ ನುಡಿಯಾದ ನಾರ್ಸ್ ಭಾಷೆಯ ಜನ ಕಂಬ್ರಿಯಾದಲ್ಲಿ ಬಂದು ನೆಲೆಸಿದರು. ಅವರು ಕುರಿ ದನಗಳೊಡನೆ ಬಂದ ಒಕ್ಕಲಿಗರು, ಆದ್ದರಿಂದ ಭೂಮಿಯ ಪದಗಳನ್ನೇ ತಂದರು: ಬೆಟ್ಟದ ಕೊಳಕ್ಕೆ ಟಾರ್ನ್, ತೊರೆಗೆ ಬೆಕ್, ಜಲಪಾತಕ್ಕೆ ಫೋರ್ಸ್, ಗುಡ್ಡಕ್ಕೆ ಫೆಲ್. ಇಂಗ್ಲೆಂಡಿನ ಅತಿ ಎತ್ತರದ, 978 ಮೀಟರಿನ ಸ್ಕಾಫೆಲ್ ಪೈಕ್ ಹೆಸರಿನಲ್ಲಿ, ಐಲ್ ಆಫ್ ಮ್ಯಾನ್ ದ್ವೀಪದ ಸ್ನೇಫೆಲ್‌ನಲ್ಲಿ ಆ ಪದ ನಿಂತುಬಿಟ್ಟಿದೆ. ಕಂಬ್ರಿಯಾದ ರೈತನಿಗೆ ಫೆಲ್ ಎಂದರೆ ಇಂದಿಗೂ ಹೊಲದ ಕಲ್ಲುಗೋಡೆಯ ಆಚೆಗಿನ, ಎಲ್ಲರ ಕುರಿಗಳೂ ಮೇಯುವ ಗೋಮಾಳ. ಸುಮಾರು ಒಂಬೈನೂರು ವರ್ಷಗಳ ನಂತರ ಅದೇ ಪದವನ್ನು ತಂದವರು ಬೇರೆಯೇ ಜನ. 19ನೇ ಶತಮಾನದ ಇಂಗ್ಲಿಷ್ ಪ್ರವಾಸಿಗರು ಸಾಲ್ಮನ್ ಹಿಡಿಯಲು, ಹಿಮಸಾರಂಗ ಬೇಟೆಯಾಡಲು, ಶಿಖರ ಏರಲು ಬಂದರು. ಅವರಲ್ಲಿ ಪ್ರಸಿದ್ಧರಾದ, 1876ರಲ್ಲಿ ಸ್ಟೂರೆ ಸ್ಕಾಗಸ್ಟೋಲ್ಸ್‌ಟಿಂಡ್ ಶಿಖರವನ್ನು ಮೊದಲು ಏರಿದ ವಿಲಿಯಮ್ ಸೆಸಿಲ್ ಸ್ಲಿಂಗ್ಸ್‌ಬಿ ಯಾರ್ಕ್‌ಷೈರಿನವರು, ಎಂದರೆ ಫೆಲ್ ಪದ ಮನೆಮಾತಾಗಿದ್ದ ಉತ್ತರದವರೇ. ಆದರೆ ಇಲ್ಲಿಯ ನೆಲ ಅವರೆಲ್ಲರಿಗೂ ದಾಟಿಹೋಗುವ ನೆಲ. ಹಾಲು ಕರೆಯುವವರ ಕಣ್ಣಿಗೆ ಹುಲ್ಲು ಕಾಣುತ್ತದೆ, ದಾಟಿಹೋಗುವವರ ಕಣ್ಣಿಗೆ ಮರವಿಲ್ಲದಿರುವುದು ಕಾಣುತ್ತದೆ. ನಿಘಂಟಿನ ಬರಡು ಎಂಬ ಮಾತು ಆ ಎರಡನೆಯ ನೋಟದಿಂದ ಬಂದದ್ದು ಎಂದು ನಾನು ನಂಬುತ್ತೇನೆ. ಪ್ರಸ್ಥಭೂಮಿ ಎಂಬುದೂ ಹಾಗೆಯೇ ಒಂದು ಕಡೆಯಿಂದ ಕಂಡದ್ದು. ಗ್ರೀನ್‌ಲ್ಯಾಂಡಿನ ಅತ್ಯುನ್ನತ ಪರ್ವತದ ಹೆಸರು ಗುನ್‌ಬ್ಯೋರ್ನ್ ಫ್ಯೆಲ್ಡ್, ಎತ್ತರ 3694 ಮೀಟರ್, ಅದು ಬಯಲಂತೂ ಅಲ್ಲ.

ಇದೇ ಬಗೆಯ ಇನ್ನೊಂದು ಪದದ ಪಯಣವನ್ನು ಹೇಳದೆ ಮುಂದೆ ಹೋಗಲಾರೆ. ಉತ್ತರದ ಸಾಮಿ ಜನರು ಮರವಿಲ್ಲದ ಎತ್ತರಕ್ಕೆ ದುಒತ್ತರ್ ಎನ್ನುತ್ತಾರೆ, ಫಿನ್ನಿಷ್ ಭಾಷೆಯಲ್ಲಿ ತುಂತುರಿ. ರಷ್ಯಾದ ಕೋಲಾ ಪ್ರದೇಶದ ಸಾಮಿ ನುಡಿಯಲ್ಲಿದ್ದ ಅದರ ಸೋದರ ಪದ ರಷ್ಯನ್ನಿಗೆ ಹೋಗಿ ತುಂಡ್ರಾ ಆಯಿತು, ಅಲ್ಲಿಂದ ಇಂಗ್ಲಿಷಿಗೂ ನಮ್ಮ ಶಾಲೆಯ ಭೂಗೋಳ ಪುಸ್ತಕಕ್ಕೂ ಬಂತು. ನಾವು ತುಂಡ್ರಾ ಎಂದೊಡನೆ ಹಿಮಗಟ್ಟಿದ ಸಮತಟ್ಟು ನೆಲವನ್ನು ಕಲ್ಪಿಸಿಕೊಳ್ಳುತ್ತೇವೆ. ಅದರ ಬೇರಿನಲ್ಲಿರುವುದು ಒಂದು ಬೆಟ್ಟ.

ನಾಲ್ಕನೆಯ ದಿನ: ಷೆಲ್ಡೆಬು

ಮಳೆ ತೊಳೆದ ಮರುದಿನ ಹಿಮರಾಶಿ ಕೈಗೆ ಸಿಗುವಷ್ಟು ಹತ್ತಿರ ಕಂಡಿತು. ನಿನ್ನೆ ನಾನು ದಾರಿ ತಪ್ಪಿದ ಜಾಗದಿಂದ ಮುಂದಿನ ಗುರುತು ಮೂವತ್ತು ಹೆಜ್ಜೆಗಿಂತ ಹೆಚ್ಚು ದೂರವಿರಲಿಲ್ಲ.

ಆಗಸ್ಟ್ 20ಕ್ಕೆ ಹಿಮಸಾರಂಗದ ಬೇಟೆಯ ಋತು ಆರಂಭವಾಗಿದ್ದರಿಂದ ದೂರದಲ್ಲಿ ಆಗಾಗ ಬೇಟೆಗಾರರು ಕಾಣುತ್ತಿದ್ದರು. ಈ ಬಯಲಿನ ಕಾಡು ಹಿಮಸಾರಂಗಗಳ ಹಿಂಡು ಯುರೋಪಿನಲ್ಲಿಯೇ ದೊಡ್ಡವುಗಳಲ್ಲಿ ಒಂದು. 2016ರ ಆಗಸ್ಟಿನಲ್ಲಿ ಇದೇ ಹಾರ್ಡಾಂಗರ್‌ವಿದ್ದಾದಲ್ಲಿ ಒಂದೇ ಸಿಡಿಲಿನ ಮಳೆಗೆ 323 ಹಿಮಸಾರಂಗಗಳು ಒಟ್ಟಿಗೆ ಸತ್ತುಬಿದ್ದವು. ಗುಡುಗಿಗೆ ಬೆದರಿ ಒಂದಕ್ಕೊಂದು ಮೈ ತಾಗಿಸಿ ನಿಂತಿದ್ದಾಗ ಮಿಂಚು ಒದ್ದೆ ನೆಲದಲ್ಲಿ ಹರಿದು ಎಲ್ಲವನ್ನೂ ತೆಗೆದುಕೊಂಡಿತು. ನಮಗೆ ಜೀವಂತ ಹಿಂಡು ಸಿಕ್ಕಿದ್ದು ಮಧ್ಯಾಹ್ನ ಎರಡರ ಹೊತ್ತಿಗೆ, ದುರ್ಬೀನಿನಲ್ಲಿ, ಎದುರಿನ ದಿಣ್ಣೆಯ ಹಿಮದ ತೇಪೆಯ ಮೇಲೆ. ಮೊದಲು ಕಲ್ಲುಗಳೆಂದುಕೊಂಡೆ. ಆಮೇಲೆ ಕಲ್ಲುಗಳಲ್ಲಿ ಒಂದು ತಲೆಯೆತ್ತಿತು. ನಾವು ಕುಳಿತಲ್ಲಿಂದ ಏಳದೆ, ಅವು ದಿಣ್ಣೆಯಾಚೆ ಇಳಿದು ಮರೆಯಾಗುವ ತನಕ ಅರ್ಧ ಗಂಟೆ ನೋಡಿದೆವು.

ಈ ಪ್ರಾಣಿಗಳ ಬೆನ್ನು ಹತ್ತಿಯೇ ಮನುಷ್ಯ ಇಲ್ಲಿಗೆ ಬಂದದ್ದು. ಶಿಲಾಯುಗದ ನೂರಾರು ನೆಲೆಗಳ ಕುರುಹುಗಳು ಈ ಬಯಲಿನಲ್ಲಿ ಸಿಕ್ಕಿವೆ, ಹಿಮಸಾರಂಗಗಳನ್ನು ಬೀಳಿಸಲು ತೋಡಿದ ಹಳ್ಳಗಳಿವೆ. ಪೂರ್ವ ಪಶ್ಚಿಮಗಳ ನಡುವೆ ಜನ ಸರಕು ಸಾಗಿಸಿದ, ದನ ಹೊಡೆದುಕೊಂಡು ಹೋದ ಹಳೆಯ ಹಾದಿಗಳಿವೆ. ಅವುಗಳಲ್ಲಿ ನೂರ್‌ಮನ್ಸ್‌ಸ್ಲೇಪಾ ಎಂಬುದು ಹೆಸರುವಾಸಿಯಾದದ್ದು. ಬರಡು ನೆಲದ ಮೇಲೆ ಇಷ್ಟು ಕಾಲ ಇಷ್ಟು ಜನ ಓಡಾಡುವುದಿಲ್ಲ.

ಷೆಲ್ಡೆಬು ತಂಗುಮನೆಯಲ್ಲಿ ಅಡುಗೆಯವರಿಲ್ಲ. ಕೋಣೆಯ ಗೂಡಿನಲ್ಲಿ ಅಕ್ಕಿ, ಬೇಳೆಕಾಳು, ಡಬ್ಬಿಯ ಆಹಾರ ಜೋಡಿಸಿಟ್ಟಿರುತ್ತಾರೆ. ಬೇಕಾದ್ದನ್ನು ತೆಗೆದುಕೊಂಡು, ಪಟ್ಟಿಯಲ್ಲಿ ಬರೆದು, ತಾನಾಗಿ ಹಣ ಕಟ್ಟಬೇಕು. ಹೊಳೆಯಿಂದ ನೀರು ತಂದು ಒಲೆ ಹೊತ್ತಿಸಿ, ಚೀಲದಲ್ಲಿದ್ದ ಸಾರಿನ ಪುಡಿಯಿಂದ ನಾನು ಸಾರು ಮಾಡಿದೆ. ಅಲ್ಲಿದ್ದ ಇಬ್ಬರು ಬೇಟೆಗಾರರೂ ಒಂದೊಂದು ಬಟ್ಟಲು ಕುಡಿದರು.

ಐದನೆಯ ದಿನ: ಮರಗಳ ಗೆರೆಯ ಕೆಳಗೆ

ಕೊನೆಯ ದಿನದ ದಾರಿ ಪಶ್ಚಿಮಕ್ಕೆ ಇಳಿಯುತ್ತದೆ. ಸಿಸೆನ್ ಅಣೆಕಟ್ಟಿನ ದೊಡ್ಡ ಕಲ್ಲಿನ ಗೋಡೆ ಕಂಡಾಗ ಮನಸ್ಸಿಗೆ ಕಸಿವಿಸಿಯಾಯಿತು. ಹೊಳೆಗಳನ್ನು ತಿರುಗಿಸಿ ವಿದ್ಯುತ್ ಮಾಡಿರುವುದರಿಂದ ಮುಂದಿನ ವೋರಿಂಗ್ಸ್‌ಫೊಸೆನ್ ಜಲಪಾತದಲ್ಲಿ ಬೇಸಿಗೆಯ ತಿಂಗಳುಗಳಲ್ಲಿ ಮಾತ್ರ ಇಂತಿಷ್ಟು ನೀರು ಇರಬೇಕೆಂದು ಬಿಡುತ್ತಾರೆ. 182 ಮೀಟರ್ ಬೀಳುವ ಆ ನೀರಿನ ಅಂಚಿನಲ್ಲಿ ನಿಂತಾಗ ಬಯಲು ಹೇಗೆ ಒಮ್ಮೆಗೇ ಮುಗಿಯುತ್ತದೆಂಬುದು ಕಣ್ಣಿಗೆ ಕಟ್ಟಿತು: ಮೇಲೆ ಚಾಪೆ ಹಾಸಿದಂಥ ಫ್ಯೆಲ್, ಕೆಳಗೆ ಕೊಡಲಿಯಿಂದ ಸೀಳಿದಂಥ ಕಣಿವೆ, ಅದರ ಕೊನೆಗೆ ಕಡಲು ಒಳನುಗ್ಗಿದ ಕಡಿದಾದ ಕೊಲ್ಲಿ, ಫ್ಯೋರ್ಡ್. ನಾರ್ವೆಯಿಂದ ಇಂಗ್ಲಿಷಿಗೆ ಹೋದ ಈ ಎರಡು ಪದಗಳಲ್ಲಿ ಫ್ಯೋರ್ಡ್ ನ್ಯೂಜಿಲೆಂಡಿನವರೆಗೂ ಹೋಗಿ ಲೋಕದ ಮಾತಾಯಿತು, ಫ್ಯೆಲ್ಡ್ ಭೂಗೋಳದ ಪುಸ್ತಕಗಳಲ್ಲಿ, ನಿಘಂಟುಗಳಲ್ಲಿ ಉಳಿಯಿತು. ಹಡಗಿನಲ್ಲಿ ಕುಳಿತು ನೋಡಬಹುದಾದ್ದಕ್ಕೆ ಹೆಸರು ಬೇಗ ಹರಡುತ್ತದೆ; ನಡೆದೇ ನೋಡಬೇಕಾದ್ದಕ್ಕೆ ಹಾಗಲ್ಲ.

ಜಲಪಾತಕ್ಕೆ ಮುಂಚೆ, ಮೊದಲ ಬರ್ಚ್ ಮರಗಳು ಎದುರಾದ ಜೌಗಿನಲ್ಲಿ, ನಾವು ಒಂದು ಗಂಟೆ ನಿಂತಿದ್ದೆವು. ಅಲ್ಲಿ ಮುಲ್ತೆ ಹಣ್ಣುಗಳಿದ್ದವು, ಋತುವಿನ ಕೊನೆಯವು. ಒಂದು ಗಿಡಕ್ಕೆ ಒಂದೇ ಹಣ್ಣು. ಕಾಯಿ ಕೆಂಪು, ಹಣ್ಣಾದರೆ ಜೇನಿನ ಬಣ್ಣ, ಬೆರಳು ಸೋಕಿದರೆ ಕಳಚಿ ಬರುವಷ್ಟು ಮೆತ್ತಗೆ. ಸಾಗುವಳಿಯಿಲ್ಲದ ನೆಲದಲ್ಲಿ ಯಾರು ಬೇಕಾದರೂ ನಡೆಯಬಹುದೆಂಬ ಹಕ್ಕನ್ನು 1957ರ ಕಾಯಿದೆ ಇಲ್ಲಿ ಬರಹದಲ್ಲಿ ಕಾಪಾಡಿದೆ, ಹಣ್ಣು ಕೀಳುವ ರೂಢಿಯೂ ಅದರ ಜೊತೆಗಿದೆ. ಬುತ್ತಿಯ ಡಬ್ಬಿ ಅರ್ಧ ತುಂಬಿತು.

ಐಡ್‌ಫ್ಯೋರ್ಡಿಗೆ ಹೋಗುವ ಬಸ್ಸಿಗೆ ಕಾಯುತ್ತಿದ್ದಾಗ ಐದು ದಿನಗಳ ನಂತರ ಹುಡುಗನ ಫೋನ್ ರಿಂಗಾಯಿತು. ಅಕ್ಕ. ಇಷ್ಟು ದಿನ ಎಲ್ಲಿದ್ದಿರಿ, ಒಂದು ಫೋನೂ ಇಲ್ಲವಲ್ಲ ಎಂದು ಅವಳು ಕೇಳುವುದು ನನಗೂ ಕೇಳಿಸುತ್ತಿತ್ತು.

“ಬೆಟ್ಟಕ್ಕೆ ಹೋಗಿದ್ದೆವು ಅಮ್ಮ,” ಎಂದ.

“ಏನು ತಂದಿರಿ?” ಎಂದಳು ಅಕ್ಕ.

ಅವನು ನನ್ನ ಮಡಿಲಲ್ಲಿದ್ದ ಡಬ್ಬಿಯ ಮುಚ್ಚಳ ತೆಗೆದು ನೋಡಿ, “ಹಣ್ಣು,” ಎಂದ.